ಮನೆಸಾಲ: ಅಸಲಿನ ಆಚೆಯ ಲೆಕ್ಕ

‘ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು’ ಎಂಬ ಗಾದೆಯನ್ನು ನಮ್ಮಲ್ಲಿ ಕೇಳದವರಿಲ್ಲ. ಈ ಎರಡು ಕಾರ್ಯಗಳಲ್ಲಿ ಮನುಷ್ಯನ ತಾಳ್ಮೆಯೂ ಹಣದ ಚೀಲವೂ ಏಕಕಾಲಕ್ಕೆ ಪರೀಕ್ಷೆಗೊಳಗಾಗುತ್ತವೆ ಎಂಬುದು ಅದರ ತಾತ್ಪರ್ಯ. ಗಾದೆ ಹುಟ್ಟಿದ ಕಾಲದಲ್ಲಿ ಮನೆ ಕಟ್ಟಿ ಮುಗಿದ ದಿನ ಪರೀಕ್ಷೆಯೂ ಮುಗಿಯುತ್ತಿತ್ತು. ಈಗ ಹಾಗಲ್ಲ. ಗೃಹಪ್ರವೇಶದ ಊಟ ಮುಗಿಸಿ ನೆಂಟರು ಹೊರಟ ಮರುತಿಂಗಳಿನಿಂದ ಕಂತು ಆರಂಭವಾಗುತ್ತದೆ. ಅದು ಇಪ್ಪತ್ತು ವರ್ಷ, ಕೆಲವೊಮ್ಮೆ ಮೂವತ್ತು ವರ್ಷ ಮನೆಯವರೊಡನೆಯೇ ವಾಸವಾಗಿರುತ್ತದೆ. ಮಗು ಹುಟ್ಟಿ, ಬೆಳೆದು, ಕಾಲೇಜು ಮುಗಿಸಿ ಹೊರಟರೂ ಅದು ಹೊರಡುವುದಿಲ್ಲ.

ನಾನು ಕೊಡಗಿನ ನಾಪೋಕ್ಲುವಿನವನು. ಬಹಳ ವರ್ಷ ಮಕ್ಕಳಿಗೆ ಅಂಕಗಣಿತ ಕಲಿಸಿದವನು. ನಿವೃತ್ತನಾದ ಮೇಲೆಯೂ ಊರಿನ ಹಳೆಯ ವಿದ್ಯಾರ್ಥಿಗಳು ಬ್ಯಾಂಕಿನ ಕಾಗದಪತ್ರಗಳನ್ನು ಹಿಡಿದುಕೊಂಡು ನಮ್ಮ ಜಗಲಿಗೆ ಬರುವುದುಂಟು. ಅವರನ್ನು, ‘ನಿನ್ನ ಮನೆಗೆ ಎಷ್ಟು ಖರ್ಚಾಯಿತು?’ ಎಂದು ಕೇಳಿದರೆ ಸಿಮೆಂಟು, ಕಬ್ಬಿಣ, ಮರ, ಕೂಲಿ ಎಲ್ಲವನ್ನೂ ಕೂಡಿಸಿ ತಟ್ಟನೆ ಉತ್ತರ ಹೇಳುತ್ತಾರೆ. ‘ಸಾಲ ತೀರುವ ಹೊತ್ತಿಗೆ ಎಷ್ಟಾಗುತ್ತದೆ?’ ಎಂದು ಕೇಳಿದರೆ ಸುಮ್ಮನಾಗುತ್ತಾರೆ. ವಿದ್ಯಾವಂತರೂ ಸುಮ್ಮನಾಗುತ್ತಾರೆ. ತಿಂಗಳ ಕಂತು ಎಷ್ಟೆಂಬುದು ಅವರಿಗೆ ಬಾಯಿಪಾಠವಾಗಿದೆ. ಒಟ್ಟು ಮೊತ್ತ ಗೊತ್ತಿಲ್ಲ. ಈ ಎರಡರ ನಡುವಿನ ಮೌನವೇ ನನ್ನ ಈ ಮಾತುಗಳ ವಸ್ತು.

ಮೊದಲು ನಮ್ಮ ನಾಡಿನ ಹಳೆಯ ಸ್ಥಿತಿಯನ್ನು ಸ್ವಲ್ಪ ನೆನೆಯೋಣ. ನಾಪೋಕ್ಲುವಿನ ಸುತ್ತಮುತ್ತ, ಗದ್ದೆಯ ಬಯಲಿಗೆ ಮುಖಮಾಡಿ ನಿಂತ ಐನ್‌ಮನೆಗಳನ್ನು ಕಂಡವರಿಗೆ ಅವುಗಳ ಗಾಂಭೀರ್ಯ ತಿಳಿದಿದೆ. ಐನ್‌ಮನೆ ಒಬ್ಬನ ಮನೆಯಲ್ಲ. ಇಡೀ ಒಕ್ಕದ ಮನೆ. ಅದಕ್ಕೆ ಹೊಂದಿದ ಜಮ್ಮಾ ಭೂಮಿಯೂ ಒಕ್ಕದ್ದೇ. ಅರಸರ ಕಾಲದಲ್ಲಿ ಸೇವೆಗೆ ಪ್ರತಿಯಾಗಿ ವಂಶಪಾರಂಪರ್ಯವಾಗಿ ಬಂದ ಈ ಹಿಡುವಳಿಯನ್ನು 1834ರ ನಂತರ ಬಂದ ಆಂಗ್ಲರೂ ಉಳಿಸಿಕೊಂಡರು; 1899ರ ಕೊಡಗು ಭೂಕಂದಾಯ ಕಾನೂನಿನಲ್ಲಿ ಅದಕ್ಕೆ ಸ್ಥಾನ ದೊರೆಯಿತು. ಕಂದಾಯ ಕಡಿಮೆ, ಆದರೆ ಕಟ್ಟುಪಾಡು ಬಿಗಿ. ಸರಕಾರದ ಒಪ್ಪಿಗೆಯಿಲ್ಲದೆ ಅದನ್ನು ಮಾರುವಂತಿಲ್ಲ, ಅಡವಿಡುವಂತಿಲ್ಲ. ಆದ್ದರಿಂದ ಐನ್‌ಮನೆಯಲ್ಲಿ ಹುಟ್ಟಿದವನಿಗೆ ಬಡತನ ಇರಬಹುದಾಗಿತ್ತು; ತಲೆಯ ಮೇಲಿನ ಸೂರು ಪರರ ಪಾಲಾಗುವ ಭಯ ಮಾತ್ರ ಇರಲಿಲ್ಲ.

ಆ ರಕ್ಷಣೆಗೆ ಇನ್ನೊಂದು ಮುಖವೂ ಇದೆ. ಇಂದಿಗೂ ಎಷ್ಟೋ ಜಮ್ಮಾ ಬಾಣೆಗಳ ಪಹಣಿಯಲ್ಲಿ ತೀರಿಹೋದ ಹಿರಿಯರ ಹೆಸರುಗಳೇ ಸಾಲಾಗಿ ನಿಂತಿವೆ. ಇಂಥ ಪಹಣಿಯನ್ನು ಹಿಡಿದು ಹೋದವನಿಗೆ ಸಾಲ ಕೊಡಲು ಬ್ಯಾಂಕುಗಳು ಹಿಂಜರಿಯುತ್ತವೆ. ಹತ್ತೆಕರೆ ತೋಟದ ಪಾಲುದಾರನಾದರೂ ಮನೆ ಕಟ್ಟಬೇಕಾದಾಗ ಅವನು ಪಟ್ಟಣದ ಅಂಚಿನಲ್ಲಿ ಐದು ಸೆಂಟಿನ ನಿವೇಶನ ಕೊಂಡು ಅದನ್ನೇ ಆಧಾರವಾಗಿಡುತ್ತಾನೆ. ಒಕ್ಕ ಒಡೆದು ಸಂಸಾರಗಳಾದವು. ಸಂಸಾರಗಳಿಗೆ ಪ್ರತ್ಯೇಕ ಮನೆಗಳು ಬೇಕಾದವು. ಮನೆಯ ಹಿಂದೆಯೇ ಸಾಲವೂ ಬಂದಿತು.

ಸಾಲವೇನೂ ಹೊಸದಲ್ಲ. ಕೌಟಿಲ್ಯನ ಅರ್ಥಶಾಸ್ತ್ರವು ನೂರು ಪಣಕ್ಕೆ ತಿಂಗಳಿಗೆ ಒಂದೂಕಾಲು ಪಣದ ಬಡ್ಡಿಯನ್ನು ಧರ್ಮಸಮ್ಮತವೆಂದು ಹೇಳಿ, ವ್ಯಾಪಾರಿಗೆ ಐದು, ಕಾಡು ದಾಟುವವನಿಗೆ ಹತ್ತು, ಸಮುದ್ರಯಾನಿಗೆ ಇಪ್ಪತ್ತು ಎಂದು ಅಪಾಯಕ್ಕೆ ತಕ್ಕಂತೆ ಏರಿಸುತ್ತದೆ. ಬಡ್ಡಿ ಬೆಳೆದು ಅಸಲನ್ನು ಮೀರಬಾರದೆಂಬ ‘ದಾಮ್‌ದುಪ್ಪಟ್’ ಎಂಬ ಕಟ್ಟಳೆಯೂ ನಮ್ಮ ಧರ್ಮಶಾಸ್ತ್ರದಲ್ಲಿದ್ದು, ಆಂಗ್ಲರ ಕಾಲದ ಮುಂಬಯಿ ಪ್ರಾಂತದ ನ್ಯಾಯಾಲಯಗಳು ಅದನ್ನು ಮಾನ್ಯಮಾಡುತ್ತಿದ್ದವು. ಇನ್ನು ನಮ್ಮ ಭಾಷೆಯಲ್ಲಿ ‘ಭೋಗ್ಯ’ ಎಂಬ ಮಾತಿದೆ. ಭೋಗ್ಯಕ್ಕೆ ಕೊಟ್ಟ ಮನೆಯಲ್ಲಿ ಸಾಲಿಗನೇ ವಾಸಿಸುತ್ತಾನೆ, ಗದ್ದೆಯ ಫಲವನ್ನು ಅವನೇ ಉಣ್ಣುತ್ತಾನೆ; ಅದೇ ಅವನ ಬಡ್ಡಿ. ಇಂಗ್ಲಿಷಿನ ‘ಮಾರ್ಟ್‌ಗೇಜ್’ ಎಂಬ ಪದವನ್ನು ಬಿಡಿಸಿದರೆ ಹಳೆಯ ಫ್ರೆಂಚಿನಲ್ಲಿ ‘ಸತ್ತ ಒತ್ತೆ’ ಎಂಬ ಅರ್ಥ ಬರುತ್ತದೆ. ಒಂದು ಭಾಷೆ ಭೋಗವನ್ನು ಕಂಡಿತು, ಇನ್ನೊಂದು ಮರಣವನ್ನು ಕಂಡಿತು. ಇಂದಿನ ಮನೆಸಾಲದಲ್ಲಿ ಮನೆಯ ಭೋಗ ನಮ್ಮದು. ಆದರೆ ನಮ್ಮ ದುಡಿಮೆಯ ಒಳ್ಳೆಯ ವರ್ಷಗಳ ಭೋಗ ಯಾರದು ಎಂಬುದನ್ನು ಲೆಕ್ಕ ಹೇಳಬೇಕು.

ಆ ಲೆಕ್ಕಕ್ಕೆ ಬರೋಣ. ಕೈಯಲ್ಲಿ ಒಂದು ಹಾಳೆ, ಒಂದು ಪೆನ್ಸಿಲು ಇದ್ದರೆ ಸಾಕು. ಒಬ್ಬನು 20 ಲಕ್ಷ ರೂಪಾಯಿ ಸಾಲವನ್ನು ವರ್ಷಕ್ಕೆ ಶೇಕಡಾ 9ರ ದರದಲ್ಲಿ, 20 ವರ್ಷದ ಅವಧಿಗೆ ಪಡೆದನೆಂದು ಇಟ್ಟುಕೊಳ್ಳಿ. ಅವನ ತಿಂಗಳ ಕಂತು ಸುಮಾರು 17,995 ರೂಪಾಯಿ. ಅಂಥ 240 ಕಂತುಗಳನ್ನು ಕೂಡಿಸಿದರೆ 43 ಲಕ್ಷ 19 ಸಾವಿರವಾಗುತ್ತದೆ. ಪಡೆದದ್ದು 20 ಲಕ್ಷ; ಬಡ್ಡಿಯೇ 23 ಲಕ್ಷ 19 ಸಾವಿರ. ಒಂದು ಮನೆಯಲ್ಲಿ ವಾಸಿಸುತ್ತ ಎರಡು ಮನೆಗಳ ಹಣ ಕಟ್ಟಿದಂತಾಯಿತು.

ಇಷ್ಟನ್ನು ಅನೇಕರು ಕೇಳಿ ಬಲ್ಲರು. ಅವರು ಅರಿಯದಿರುವುದು ಕಂತಿನ ಒಳಗಿನ ರಚನೆ. ಕಂತು ಹೊರಗಿನಿಂದ ಒಂದೇ ಮೊತ್ತ. ಒಳಗೆ ಅಸಲು, ಬಡ್ಡಿ ಎಂಬ ಎರಡು ಪಾಲು. ಮೊದಲ ತಿಂಗಳ ಬಡ್ಡಿಯನ್ನು ನೋಡಿ. 20 ಲಕ್ಷಕ್ಕೆ ವರ್ಷಕ್ಕೆ ಶೇಕಡಾ 9 ಎಂದರೆ 1 ಲಕ್ಷ 80 ಸಾವಿರ, ತಿಂಗಳಿಗೆ 15,000. ಕಟ್ಟಿದ 17,995ರಲ್ಲಿ 15,000 ಬಡ್ಡಿಗೆ ಹೋಗಿ, ಅಸಲಿಗೆ ಸಲ್ಲುವುದು 2,995 ಮಾತ್ರ. ಮರುತಿಂಗಳು ಅಸಲು ಅಷ್ಟು ಕಡಿಮೆಯಾದುದರಿಂದ ಬಡ್ಡಿ ಸುಮಾರು 22 ರೂಪಾಯಿಯಷ್ಟು ಇಳಿಯುತ್ತದೆ. ಆ 22 ರೂಪಾಯಿ ಅಸಲಿನ ಪಾಲಿಗೆ ಸೇರುತ್ತದೆ. ಹೀಗೆ ತಿಂಗಳು ತಿಂಗಳು ತುಸು ತುಸುವೇ ತಕ್ಕಡಿ ವಾಲುತ್ತದೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು ಯಾವಾಗ? ಹನ್ನೆರಡು ವರ್ಷ ಕಳೆದ ಮೇಲೆ!

ಹತ್ತು ವರ್ಷ ತಪ್ಪದೆ ಕಂತು ಕಟ್ಟಿದವನು, ‘ಅರ್ಧ ದಾರಿ ಬಂದೆ, ಅರ್ಧ ಸಾಲ ತೀರಿತು’ ಎಂದು ಭಾವಿಸುವುದು ಸಹಜ. ಅವನು ಅಷ್ಟರಲ್ಲಿ 21 ಲಕ್ಷ 59 ಸಾವಿರ ಕಟ್ಟಿರುತ್ತಾನೆ, ಎಂದರೆ ಪಡೆದದ್ದಕ್ಕಿಂತ ಹೆಚ್ಚು. ಆದರೂ ಉಳಿದಿರುವ ಸಾಲ 14 ಲಕ್ಷ 20 ಸಾವಿರ. ಸಾಲ ಅರ್ಧಕ್ಕೆ ಇಳಿಯಬೇಕಾದರೆ ಹದಿನಾಲ್ಕು ವರ್ಷ ಬೇಕು. ಇಲ್ಲಿ ಯಾರೂ ಮೋಸ ಮಾಡಿಲ್ಲ ಎಂಬುದನ್ನು ಒತ್ತಿ ಹೇಳಬೇಕು. ಉಳಿದ ಅಸಲಿಗೆ ಮಾತ್ರ ಬಡ್ಡಿ. ಮೊದಲು ಉಳಿದ ಅಸಲು ಹೆಚ್ಚು, ಆದ್ದರಿಂದ ಬಡ್ಡಿ ಹೆಚ್ಚು. ಲೆಕ್ಕ ಸರಿಯಾಗಿದೆ. ಆ ಲೆಕ್ಕವನ್ನು ಸಾಲ ಪಡೆಯುವ ಮುನ್ನ ನೋಡುವುದಿಲ್ಲ ಎಂಬುದೇ ತೊಂದರೆ.

ಇದಕ್ಕೆ ಹೋಲಿಸಲು ಒಂದು ಹಳೆಯ ಪದ್ಧತಿಯಿದೆ. ಕೇಂದ್ರ ಸರಕಾರದ ನೌಕರರಿಗೆ ಮನೆ ಕಟ್ಟಲು ಕೊಡುವ ಮುಂಗಡದಲ್ಲಿ ಮೊದಲು ಅಸಲನ್ನು ಗರಿಷ್ಠ 180 ಕಂತುಗಳಲ್ಲಿ ಹಿಡಿಯುತ್ತಾರೆ. ಆಮೇಲೆ ಬಡ್ಡಿಯನ್ನು ಗರಿಷ್ಠ 60 ಕಂತುಗಳಲ್ಲಿ ಹಿಡಿಯುತ್ತಾರೆ. ಬಡ್ಡಿ ಸರಳಬಡ್ಡಿ. ನಮ್ಮ ಉದಾಹರಣೆಯ 20 ಲಕ್ಷಕ್ಕೆ ಅದೇ ಶೇಕಡಾ 9ರ ದರವನ್ನು ಈ ಪದ್ಧತಿಯಲ್ಲಿ ಅನ್ವಯಿಸಿದರೆ ಒಟ್ಟು ಬಡ್ಡಿ ಸುಮಾರು 13 ಲಕ್ಷ 57 ಸಾವಿರ. ದರ ಒಂದೇ, ಅವಧಿಯೂ ಇಪ್ಪತ್ತು ವರ್ಷವೇ. ಆದರೂ ಒಂಬತ್ತೂವರೆ ಲಕ್ಷಕ್ಕೂ ಹೆಚ್ಚು ವ್ಯತ್ಯಾಸ. ಅಲ್ಲಿ ಅಸಲಿಗೆ ಮೊದಲ ಪಂಕ್ತಿ, ಬಡ್ಡಿಗೆ ಕೊನೆಯ ಪಂಕ್ತಿ; ಇಲ್ಲಿ ಬಡ್ಡಿ ಉಂಡು ಎದ್ದ ಮೇಲೆ ಅಸಲಿಗೆ ಎಲೆ. ಸಾಲದ ಬೆಲೆಯನ್ನು ನಿರ್ಧರಿಸುವುದು ದರವೊಂದೇ ಅಲ್ಲ, ಯಾವುದು ಮೊದಲು ಸಲ್ಲುತ್ತದೆ ಎಂಬುದೂ ಹೌದು ಎನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ತೋರದು. ಆದರೆ ಅದು ಸರಕಾರ ತನ್ನ ನೌಕರನಿಗೆ ತೋರುವ ಔದಾರ್ಯ. 1977ರಲ್ಲಿ ಹಸಮುಖ್ ಪಾರೇಖರು ಎಚ್.ಡಿ.ಎಫ್.ಸಿ. ಸಂಸ್ಥೆಯನ್ನು ಕಟ್ಟಿ, ಸರಕಾರಿ ನೌಕರಿಯಿಲ್ಲದ ಮಧ್ಯಮವರ್ಗದವನಿಗೂ ದೀರ್ಘಾವಧಿಯ ಮನೆಸಾಲದ ಬಾಗಿಲನ್ನು ತೆರೆದರು. ಅದು ದೊಡ್ಡ ಉಪಕಾರವೇ. ಅದಕ್ಕೂ ಮುಂಚೆ ಎಷ್ಟೋ ಜನ ಸ್ವಂತ ಮನೆಯನ್ನು ನಿವೃತ್ತಿಯ ದಿನದವರೆಗೆ ಕನಸಿನಲ್ಲಿ ಮಾತ್ರ ಕಾಣುತ್ತಿದ್ದರು.

ಈಗ ಅವಧಿಯ ವಿಚಾರ. ‘ಕಂತು ಭಾರವಾದರೆ ಅವಧಿಯನ್ನು ಹೆಚ್ಚಿಸಿಕೊಳ್ಳಿ’ ಎಂಬ ಸಲಹೆ ಕೇಳಲು ಇಂಪಾಗಿರುತ್ತದೆ. ಅದೇ 20 ಲಕ್ಷವನ್ನು ಅದೇ ದರದಲ್ಲಿ 15 ವರ್ಷಕ್ಕೆ ಪಡೆದರೆ ಕಂತು 20,285. ಒಟ್ಟು ಬಡ್ಡಿ 16 ಲಕ್ಷ 51 ಸಾವಿರ. 30 ವರ್ಷಕ್ಕೆ ಪಡೆದರೆ ಕಂತು 16,092. ಒಟ್ಟು ಬಡ್ಡಿ 37 ಲಕ್ಷ 93 ಸಾವಿರ. ತಿಂಗಳಿಗೆ ಸುಮಾರು 4,200 ರೂಪಾಯಿಯ ಹಗುರಕ್ಕಾಗಿ ಕೊನೆಯಲ್ಲಿ ತೆರುವ ಬೆಲೆ 21 ಲಕ್ಷಕ್ಕಿಂತ ಹೆಚ್ಚು. ಅವಧಿ ಎರಡರಷ್ಟಾದರೆ ಕಂತು ಅರ್ಧವಾಗುತ್ತದೆಂದು ಭಾವಿಸಿದವನಿಗೆ, ಅದು ಐದನೆಯ ಒಂದು ಭಾಗದಷ್ಟು ಮಾತ್ರ ಇಳಿದಿದೆ ಎಂಬುದು ಆಶ್ಚರ್ಯವನ್ನು ತರುತ್ತದೆ. ಅವಧಿಯನ್ನು ಎಷ್ಟೇ ಎಳೆದರೂ ತಿಂಗಳ ಬಡ್ಡಿಯಾದ 15,000ಕ್ಕಿಂತ ಕೆಳಗೆ ಕಂತು ಇಳಿಯಲಾರದು. ಎಳೆದಷ್ಟೂ ಲಾಭ ಕಡಿಮೆ, ನಷ್ಟ ಹೆಚ್ಚು.

ಇಷ್ಟು ಹೊತ್ತು ದರ ಸ್ಥಿರವಾಗಿದೆ ಎಂಬ ಊಹೆಯ ಮೇಲೆ ಮಾತನಾಡಿದೆವು. ನಮ್ಮ ದೇಶದ ಹೆಚ್ಚಿನ ಮನೆಸಾಲಗಳು ಬದಲಾಗುವ ದರದವು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಇಂಥ ಹೊಸ ಸಾಲಗಳ ದರವನ್ನು ರೆಪೊ ದರದಂಥ ಹೊರಗಿನ ಒಂದು ಮಾನದಂಡಕ್ಕೆ ಕಟ್ಟಿಹಾಕಬೇಕೆಂದು ರಿಸರ್ವ್ ಬ್ಯಾಂಕು ವಿಧಿಸಿತು. ರೆಪೊ ಇಳಿದರೆ ಸಾಲಗಾರನಿಗೆ ಬೇಗ ಪ್ರಯೋಜನ. ಏರಿದರೆ ಬೇಗ ಪೆಟ್ಟು. ಪೆಟ್ಟು ಬಂದೇ ಬಂದಿತು. 2022ರ ಮೇ ತಿಂಗಳ ಆರಂಭದಲ್ಲಿ ಶೇಕಡಾ 4 ಇದ್ದ ರೆಪೊ ದರ 2023ರ ಫೆಬ್ರವರಿಯಲ್ಲಿ ಶೇಕಡಾ 6.5 ಆಯಿತು. ಒಂದು ಮಳೆಗಾಲ, ಒಂದು ಹುತ್ತರಿ ಕಳೆಯುವುದರೊಳಗೆ ಎರಡೂವರೆ ಅಂಶದ ಏರಿಕೆ.

ಇದರ ಅರ್ಥವನ್ನು ಲೆಕ್ಕದಲ್ಲಿ ನೋಡೋಣ. ಶೇಕಡಾ 7ರ ದರದಲ್ಲಿ 20 ಲಕ್ಷವನ್ನು 20 ವರ್ಷಕ್ಕೆ ಪಡೆದವನ ಕಂತು 15,506. ಮೊದಲ ವರ್ಷ ಮುಗಿದಾಗ ಉಳಿದ ಸಾಲ 19 ಲಕ್ಷ 52 ಸಾವಿರ. ಆಗ ದರವು 9.5ಕ್ಕೆ ಏರಿತೆಂದುಕೊಳ್ಳಿ. ನಿಜದಲ್ಲಿ ಅದು ಮೆಟ್ಟಿಲು ಮೆಟ್ಟಿಲಾಗಿ ಏರಿತು. ಲೆಕ್ಕದ ಸರಳತೆಗಾಗಿ ಒಮ್ಮೆಲೇ ಏರಿತೆಂದು ಇಟ್ಟುಕೊಳ್ಳೋಣ. ಆ ತಿಂಗಳ ಬಡ್ಡಿಯೇ 15,456 ರೂಪಾಯಿ. ಕಂತು ಹಿಂದಿನಷ್ಟೇ ಇದ್ದರೆ ಅಸಲಿಗೆ ಸಲ್ಲುವುದು ಐವತ್ತು ರೂಪಾಯಿ! ಆ ನಡಿಗೆಯಲ್ಲಿ ಸಾಲ ತೀರಲು ಇನ್ನೂ ಅರುವತ್ತು ವರ್ಷ ಬೇಕು. ಮೊದಲು ಒಪ್ಪಿದ ಅವಧಿಯೊಳಗೇ ತೀರಿಸಬೇಕಾದರೆ ಕಂತು 18,525ಕ್ಕೆ ಏರಬೇಕು. ತಿಂಗಳಿಗೆ ಮೂರು ಸಾವಿರ ಹೆಚ್ಚು.

ಆ ವರ್ಷ ನಮ್ಮೂರಿನ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದಿದ್ದ. ಮಡಿಕೇರಿಯ ಒಂದು ಕಚೇರಿಯಲ್ಲಿ ಅವನಿಗೆ ಕೆಲಸ. ಎರಡು ವರ್ಷದ ಹಿಂದೆ ಸಾಲಮಾಡಿ ಮನೆ ಕಟ್ಟಿದ್ದ. ‘ಬಡ್ಡಿ ಏರಿದೆ ಎಂದು ಎಲ್ಲರೂ ಗೋಳಾಡುತ್ತಾರೆ ಮೇಷ್ಟ್ರೇ, ನನ್ನ ಕಂತು ಒಂದು ರೂಪಾಯಿಯೂ ಏರಿಲ್ಲ’ ಎಂದು ಸಮಾಧಾನದಿಂದಲೇ ಹೇಳಿದ. ನಾನು ಸಾಲದ ಲೆಕ್ಕಪತ್ರವನ್ನು ತರಿಸಿ ನೋಡಿದೆ. ಅಸಲಿನ ಕಾಲಮ್ಮಿನಲ್ಲಿ ಮೊದಲು ಸಾವಿರಗಳಲ್ಲಿದ್ದ ಅಂಕಿ ಮೂರಂಕಿಗೆ ಇಳಿದಿತ್ತು. ಕಂತು ಏರಿರಲಿಲ್ಲ, ಅವಧಿ ಬೆಳೆದಿತ್ತು. ನಿವೃತ್ತಿಗೆ ಒಂದು ವರ್ಷ ಮುಂಚೆ ತೀರಬೇಕಾಗಿದ್ದ ಸಾಲ, ಸಂಬಳ ನಿಂತ ಮೇಲೂ ಬಹುಕಾಲ ಬಾಗಿಲಲ್ಲಿ ನಿಲ್ಲುವಂತಾಗಿತ್ತು. ಅವನು ಬಹಳ ಹೊತ್ತು ಆ ಕಾಗದವನ್ನೇ ನೋಡುತ್ತ ಕುಳಿತ. ಆಮೇಲೆ, ‘ಹಾಗಾದರೆ ಈ ವರ್ಷ ನಾನು ಬಡ್ಡಿಗೆ ಮಾತ್ರ ದುಡಿದದ್ದೆ?’ ಎಂದ. ಹೆಚ್ಚುಕಡಿಮೆ ಹೌದು ಎನ್ನದೆ ನನಗೆ ಬೇರೆ ಉತ್ತರವಿರಲಿಲ್ಲ. ಮರುದಿನ ಅವನ ಹೆಂಡತಿಯೂ ಜೊತೆಗೆ ಬಂದಳು. ಮನೆಖರ್ಚಿನ ಪುಸ್ತಕವನ್ನು ಅವಳೇ ಬಿಡಿಸಿ, ಯಾವುದನ್ನು ಬಿಡಬಹುದು, ಯಾವುದನ್ನು ಬಿಡಲಾಗದು ಎಂದು ಗುರುತುಹಾಕಿದಳು. ತಾವಾಗಿಯೇ ಅರ್ಜಿ ಕೊಟ್ಟು ಕಂತನ್ನು ಮೂರು ಸಾವಿರದಷ್ಟು ಏರಿಸಿಕೊಂಡರು. ಮಗಳ ಓದಿನ ಹಣವನ್ನು ಮಾತ್ರ ಅವಳು ಮುಟ್ಟಗೊಡಲಿಲ್ಲ.

ಇಂಥ ಮೌನ ವಿಸ್ತರಣೆ ಎಲ್ಲೆಡೆಯೂ ನಡೆದುದರಿಂದಲೇ 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕು ಒಂದು ಸುತ್ತೋಲೆಯನ್ನು ಹೊರಡಿಸಿತು. ದರ ಬದಲಾದಾಗ ಅದರ ಪರಿಣಾಮವನ್ನು ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಬೆಳೆಸುವುದೋ, ಎರಡನ್ನೂ ಬೆರೆಸುವುದೋ ಎಂಬ ಆಯ್ಕೆಯನ್ನು ಅವನಿಗೇ ಬಿಡಬೇಕು. ಕಟ್ಟಿದ ಅಸಲೆಷ್ಟು, ಬಡ್ಡಿಯೆಷ್ಟು, ಉಳಿದ ಕಂತುಗಳೆಷ್ಟು ಎಂಬ ವಿವರವನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು ಎಂಬುದು ಅದರ ಸಾರ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ‘ಮುಖ್ಯಾಂಶ ಪತ್ರ’ವನ್ನು ಕೊಡುವುದೂ ಕಡ್ಡಾಯವಾಯಿತು. ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಅದರಲ್ಲಿರುತ್ತದೆ. ಸಹಿ ಹಾಕುವ ಮುನ್ನ ಓದಬೇಕಾದ ಕಾಗದ ಯಾವುದೆಂದು ಕೇಳಿದರೆ ನಾನು ಅದನ್ನೇ ತೋರಿಸುತ್ತೇನೆ.

ಇಲ್ಲಿ ಕಾಫಿನಾಡಿನ ವಿಶೇಷವೊಂದನ್ನು ಹೇಳಬೇಕು. ಕಂತು ತಿಂಗಳಿಗೊಮ್ಮೆ ಬರುತ್ತದೆ. ಕಾಫಿ ವರ್ಷಕ್ಕೊಮ್ಮೆ ಬರುತ್ತದೆ. ನವೆಂಬರಿನಿಂದ ಅರೇಬಿಕ, ಅದರ ಬೆನ್ನಿಗೆ ರೋಬಸ್ಟ, ಆಮೇಲೆ ಕರಿಮೆಣಸು. ಮಾರ್ಚಿನ ಹೊತ್ತಿಗೆ ಕೈಯಲ್ಲಿ ಹಣ. ಕಕ್ಕಡದ ಮಳೆಯಲ್ಲಿ ತೋಟದ ಮನೆಯ ಪೆಟ್ಟಿಗೆ ಖಾಲಿ. ಸಂಬಳದವನಿಗಾಗಿ ರೂಪಿಸಿದ ಸಾಲದ ಅಂಗಿಯನ್ನು ಬೆಳೆಗಾರ ತೊಟ್ಟರೆ ಎಲ್ಲೋ ಒಂದು ಕಡೆ ಬಿಗಿಯುತ್ತದೆ. ಜೊತೆಗೆ ಬೆಲೆಯ ಏರಿಳಿತ. 2000ದ ಸುಮಾರಿಗೆ ಕಾಫಿಯ ಬೆಲೆ ಕುಸಿದು ಕೊಡಗಿನ ಬೆಳೆಗಾರರು ಪಟ್ಟ ಪಾಡನ್ನು ನಾವು ಮರೆತಿಲ್ಲ. ಒಳ್ಳೆಯ ಬೆಲೆಯ ವರ್ಷದಲ್ಲಿ ಮಾಡಿದ ಸಾಲವು ಕೆಟ್ಟ ಬೆಲೆಯ ವರ್ಷದಲ್ಲೂ ಅದೇ ಕಂತನ್ನು ಕೇಳುತ್ತದೆ.

ಆದರೆ ಇದೇ ಪಂಚಾಂಗದಲ್ಲಿ ಒಂದು ಅನುಕೂಲವೂ ಅಡಗಿದೆ. ಸುಗ್ಗಿಯ ಹಣ ಬಂದಾಗ ವರ್ಷಕ್ಕೆ ಒಂದೇ ಒಂದು ಹೆಚ್ಚುವರಿ ಕಂತನ್ನು ಅಸಲಿಗೆ ಕಟ್ಟಿದರೆ ಏನಾಗುತ್ತದೆ? ನಮ್ಮ ಮೊದಲ ಉದಾಹರಣೆಯಲ್ಲಿ ಇಪ್ಪತ್ತು ವರ್ಷದ ಸಾಲ ಹದಿನಾರೂವರೆ ವರ್ಷದಲ್ಲೇ ತೀರುತ್ತದೆ; ಸುಮಾರು ನಾಲ್ಕೂವರೆ ಲಕ್ಷ ಬಡ್ಡಿ ಉಳಿಯುತ್ತದೆ. ಬದಲಾಗುವ ದರದ ಮನೆಸಾಲವನ್ನು ಅವಧಿಗೆ ಮುನ್ನ ತೀರಿಸುವ ವ್ಯಕ್ತಿಗಳಿಂದ ದಂಡ ವಸೂಲುಮಾಡುವುದನ್ನು 2012ರಲ್ಲಿ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ನಿಷೇಧಿಸಿದೆ. ಮುಂಗಡವಾಗಿ ಕಟ್ಟಿದ ಪ್ರತಿ ರೂಪಾಯಿಯೂ ನೇರವಾಗಿ ಅಸಲಿಗೆ ಸಲ್ಲುತ್ತದೆ. ಸಾಲದ ಮೊದಲ ವರ್ಷಗಳಲ್ಲಿ ಕಟ್ಟಿದರೆ ಅದರ ಫಲ ಅತ್ಯಧಿಕ. ಹದಿನೆಂಟನೆಯ ವರ್ಷದಲ್ಲಿ ಕಟ್ಟಿದರೆ ಉಳಿಯಲು ಬಡ್ಡಿಯೇ ಇರುವುದಿಲ್ಲ. ಗಿಡಕ್ಕೆ ಗೊಬ್ಬರ ಹಾಕುವ ಕಾಲ ಬೇರೆ, ಹಣ್ಣು ಕೊಯ್ಯುವ ಕಾಲ ಬೇರೆ ಎಂಬುದನ್ನು ಬೆಳೆಗಾರನಿಗೆ ಹೇಳಿಕೊಡಬೇಕಾಗಿಲ್ಲ.

ಇನ್ನು ಕಂತಿನ ಹೊರಗಿನ ಖರ್ಚುಗಳು. ಅರ್ಜಿಯ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಹಕ್ಕುಪತ್ರವನ್ನು ಠೇವಣಿಯಿಡುವ ಕರಾರಿನ ಮುದ್ರಾಂಕ ಇವೆಲ್ಲ ಒಮ್ಮೆ ಬಂದು ಹೋಗುವವು. ಆದರೆ ಸಾಲದೊಡನೆ ಒಂದೇ ಕಂತಿನ ಜೀವವಿಮೆಯನ್ನು ಜೋಡಿಸಿ, ಅದರ ಹಣವನ್ನೂ ಸಾಲಕ್ಕೇ ಸೇರಿಸುವ ವಾಡಿಕೆಯಿದೆ. ಅದರಲ್ಲಿ ಎಚ್ಚರ ಬೇಕು. 60 ಸಾವಿರದ ವಿಮಾಕಂತು 20 ವರ್ಷದ ಸಾಲದೊಳಗೆ ಸೇರಿದರೆ, ಶೇಕಡಾ 9ರಲ್ಲಿ ಅದು ಕೊನೆಗೆ 1 ಲಕ್ಷ 29 ಸಾವಿರವನ್ನು ದಾಟುತ್ತದೆ. ವಿಮೆ ಬೇಡವೆಂದು ನಾನು ಹೇಳುತ್ತಿಲ್ಲ. ದುಡಿಯುವವನು ನಡುವೆ ತೀರಿಕೊಂಡರೆ ಹೆಂಡತಿಮಕ್ಕಳ ಮೇಲೆ ಸಾಲ ಬೀಳದಂತೆ ಕಾಯುವುದು ಅದೊಂದೇ. ಅದನ್ನು ಪ್ರತ್ಯೇಕವಾಗಿ ಕೊಳ್ಳಬಹುದೆ ಎಂದು ಕೇಳಿ ನೋಡಬೇಕು, ಅಷ್ಟೆ.

ಮನೆಗೇ ಮಾಡಿಸುವ ವಿಮೆಯ ಮಾತು ನಮ್ಮ ಜಿಲ್ಲೆಯಲ್ಲಿ ಇನ್ನೂ ಗಂಭೀರವಾದುದು. ಕಾವೇರಿ ಉಕ್ಕಿದಾಗ ಚೆರಿಯಪರಂಬುವಿನಲ್ಲಿ, ಬೊಳಿಬಾಣೆಯಲ್ಲಿ ರಸ್ತೆಯ ಮೇಲೆ ನೀರು ನಿಲ್ಲುವುದು ನಮಗೆ ರೂಢಿಯಾಗಿದೆ. ಆದರೆ 2018ರ ಆಗಸ್ಟಿನಲ್ಲಿ ಮಕ್ಕಂದೂರು, ಜೋಡುಪಾಲ ಮೊದಲಾದ ಕಡೆ ಗುಡ್ಡಗಳೇ ಜರಿದವು. ಮರುವರ್ಷ ತೋರದಲ್ಲಿ ಮತ್ತೆ ಜರಿಯಿತು. ಮನೆ ಹೋಯಿತು, ಮನೆ ನಿಂತಿದ್ದ ನೆಲವೂ ಹೋಯಿತು. ಸರಕಾರ ಕರ್ಣಂಗೇರಿ, ಮದೆನಾಡು, ಜಂಬೂರುಗಳಲ್ಲಿ ಮನೆ ಕಟ್ಟಿಸಿ ನಿರಾಶ್ರಿತರಿಗೆ ಕೊಟ್ಟಿತು. ಆದರೆ ಕಾನೂನಿನ ಒಂದು ಕಠಿಣ ಸತ್ಯವನ್ನು ಅರಿತಿರಬೇಕು: ಮನೆ ಬಿದ್ದರೆ ಸಾಲ ಬೀಳುವುದಿಲ್ಲ. ಮನೆ ಸಾಲದ ಆಧಾರವೇ ಹೊರತು ಸಾಲವಲ್ಲ. ಸಾಲ ನಿಂತಿರುವುದು ಸಹಿ ಹಾಕಿದವನ ಹೆಗಲ ಮೇಲೆ. 2021ರ ಏಪ್ರಿಲ್ 1ರಿಂದ ಎಲ್ಲ ಸಾಮಾನ್ಯ ವಿಮಾ ಸಂಸ್ಥೆಗಳೂ ನೀಡಬೇಕಾದ ‘ಭಾರತ್ ಗೃಹರಕ್ಷಾ’ ಎಂಬ ಪಾಲಿಸಿಯಲ್ಲಿ ಬೆಂಕಿಯ ಜೊತೆಗೆ ಪ್ರವಾಹ, ಭೂಕುಸಿತಗಳೂ ಸೇರಿವೆ. ಇಳಿಜಾರಿನಲ್ಲಿ ಮನೆ ಕಟ್ಟಿದವನು ಅದನ್ನು ಖರ್ಚೆಂದು ಎಣಿಸಬಾರದು. ಸಾಲದ ಬೆಲೆಯ ಒಂದು ಭಾಗವೆಂದೇ ಎಣಿಸಬೇಕು.

ಕಂತು ನಿಂತರೆ ಏನಾಗುತ್ತದೆ? ತೊಂಬತ್ತು ದಿನ ಬಾಕಿ ಉಳಿದರೆ ಸಾಲವು ಕೆಟ್ಟ ಸಾಲಗಳ ಪಟ್ಟಿಗೆ ಸೇರುತ್ತದೆ. 2002ರ ಸರ್ಫೇಸಿ ಕಾಯಿದೆಯ ಪ್ರಕಾರ ಅರುವತ್ತು ದಿನದ ನೋಟೀಸು ಕೊಟ್ಟು, ಸಿವಿಲ್ ದಾವೆ ಹೂಡದೆಯೇ ಸ್ವತ್ತನ್ನು ವಶಪಡಿಸಿಕೊಳ್ಳುವ ಅಧಿಕಾರ ಬ್ಯಾಂಕಿಗಿದೆ. ಕೃಷಿಭೂಮಿಗೆ ಆ ಕಾಯಿದೆಯಿಂದ ವಿನಾಯಿತಿಯಿದೆ. ಆದರೆ ಕಾಫಿತೋಟ ಆ ವಿನಾಯಿತಿಯೊಳಗೆ ಬರುತ್ತದೆಯೆ ಎಂಬುದು ವಿವಾದವಾಗಿ, ಬೆಳೆಗಾರರ ಸಂಘಟನೆಗಳು ಸರಕಾರದ ಬಾಗಿಲು ತಟ್ಟಿವೆ. ವಾಸದ ಮನೆಗಂತೂ ಅಂಥ ವಿನಾಯಿತಿಯಿಲ್ಲ. ಕಷ್ಟ ಬರುವುದು ಕಂಡಾಗ ಮೊದಲ ಬಾಕಿಗೆ ಮುಂಚೆಯೇ ಬ್ಯಾಂಕಿಗೆ ಹೋಗಿ ಮಾತನಾಡುವುದು, ನೋಟೀಸು ಬಂದ ಮೇಲೆ ಹೋಗಿ ನಿಲ್ಲುವುದಕ್ಕಿಂತ ಎಷ್ಟೋ ಮೇಲು.

ಇಷ್ಟನ್ನು ಕೇಳಿ, ‘ಹಾಗಾದರೆ ಸಾಲ ಮಾಡಿ ಮನೆ ಕಟ್ಟುವುದೇ ತಪ್ಪೆ?’ ಎಂದು ಯಾರಾದರೂ ಕೇಳಬಹುದು. ತಪ್ಪಲ್ಲ. ನ್ಯಾಯಕ್ಕಾಗಿ ತಕ್ಕಡಿಯ ಇನ್ನೊಂದು ತಟ್ಟೆಯನ್ನೂ ನೋಡಬೇಕು. 43 ಲಕ್ಷವೆಂಬ ಮೊತ್ತ ಇಂದಿನ 43 ಲಕ್ಷವಲ್ಲ. ಬೆಲೆಗಳು ವರ್ಷಕ್ಕೆ ಶೇಕಡಾ 5ರಂತೆ ಏರಿದರೆ, ಇಪ್ಪತ್ತನೆಯ ವರ್ಷದಲ್ಲಿ ಕಟ್ಟುವ 18 ಸಾವಿರದ ಕಂತು ಇಂದಿನ ಸುಮಾರು 6,800 ರೂಪಾಯಿಗೆ ಸಮ. ಅಷ್ಟರಲ್ಲಿ ಸಂಬಳವೂ ಏರಿರುತ್ತದೆ. ಬಾಡಿಗೆ ಮನೆಯಲ್ಲಿದ್ದರೆ ಬಾಡಿಗೆ ವರ್ಷ ವರ್ಷ ಏರುತ್ತದೆ, ಎಂದಿಗೂ ತೀರುವುದಿಲ್ಲ. ಹಿಂದಿನ ತೆರಿಗೆ ಪದ್ಧತಿಯಲ್ಲಿ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಉಂಟು. ಆದರೆ ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಅದಿಲ್ಲ; ತೆರಿಗೆ ಉಳಿಯುತ್ತದೆಂಬ ಒಂದೇ ಕಾರಣಕ್ಕೆ ಸಾಲವನ್ನು ಉಳಿಸಿಕೊಳ್ಳುವವರು ಇದನ್ನು ಗಮನಿಸಬೇಕು. ಮತ್ತೆ, ಯಾವ ಲೆಕ್ಕಕ್ಕೂ ಸಿಗದ ಸಂಗತಿಯೊಂದಿದೆ. ಮಳೆ ಹುಯ್ಯುವ ರಾತ್ರಿಯಲ್ಲಿ ತನ್ನ ಸ್ವಂತ ಸೂರಿನ ಕೆಳಗೆ ಮಕ್ಕಳು ನಿದ್ರಿಸುವುದನ್ನು ನೋಡುವ ನೆಮ್ಮದಿಗೆ ಶೇಕಡಾವಾರು ದರವಿಲ್ಲ.

ಆ ನೆಮ್ಮದಿಗೆ ಬೆಲೆ ಇದೆ, ಬೆಲೆಯನ್ನು ತಿಳಿದು ಕೊಡಬೇಕು ಎಂಬುದಷ್ಟೇ ನನ್ನ ವಾದ. ಸಾಲದ ಕಾಗದಕ್ಕೆ ಸಹಿ ಹಾಕುವ ಮುನ್ನ ಗಂಡಹೆಂಡಿರು ಕುಳಿತು ನಾಲ್ಕು ಪ್ರಶ್ನೆಗಳನ್ನು ಕೇಳಿಕೊಳ್ಳಲಿ. ಎಲ್ಲ ಕಂತುಗಳೂ ಸೇರಿ ಎಷ್ಟಾಗುತ್ತದೆ? ದರವು ಎರಡೂವರೆ ಅಂಶ ಏರಿದರೆ ತಾಳುವ ಶಕ್ತಿ ನಮಗಿದೆಯೆ? ಕೊನೆಯ ಕಂತಿನ ದಿನ ನಮ್ಮ ವಯಸ್ಸೆಷ್ಟು? ನಮ್ಮಲ್ಲೊಬ್ಬರು ಇಲ್ಲವಾದರೆ ಉಳಿದವರು ಏನು ಮಾಡಬೇಕು? ನಾಲ್ಕಕ್ಕೂ ಉತ್ತರ ದೊರೆತರೆ ಧೈರ್ಯವಾಗಿ ಮನೆ ಕಟ್ಟಲಿ. ಒಂದಕ್ಕೆ ಉತ್ತರ ದೊರೆಯದಿದ್ದರೆ ಮನೆಯ ನಕ್ಷೆಯಲ್ಲಿ ಒಂದು ಕೋಣೆಯನ್ನು ಕಡಿಮೆ ಮಾಡಲಿ. ಕೋಣೆಯನ್ನು ಆಮೇಲೆ ಸೇರಿಸಬಹುದು. ಕಳೆದ ವರ್ಷಗಳನ್ನು ಸೇರಿಸಲಾಗದು.

ಸಾಲ ತೀರಿದ ದಿನ ಮಾಡಬೇಕಾದ ಕೆಲಸವನ್ನೂ ಹೇಳಿ ಮುಗಿಸುತ್ತೇನೆ. ಆಧಾರವಾಗಿ ಇಟ್ಟ ಮೂಲಪತ್ರಗಳನ್ನು ಪೂರ್ತಿ ಮರುಪಾವತಿಯಾದ ಮೂವತ್ತು ದಿನಗಳೊಳಗೆ ಹಿಂದಿರುಗಿಸಬೇಕು. ತಮ್ಮ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ರಿಸರ್ವ್ ಬ್ಯಾಂಕಿನ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಪತ್ರಗಳನ್ನು ಎಣಿಸಿ ತನ್ನಿ. ಸಬ್‌ರಿಜಿಸ್ಟ್ರಾರರ ಕಚೇರಿಗೆ ಹೋಗಿ ಋಣಭಾರ ಪತ್ರದಲ್ಲಿ ಸಾಲ ತೀರಿದುದು ನಮೂದಾಗಿದೆಯೆ ಎಂದು ನೋಡಿ. ಆಮೇಲೆ ಆ ಪತ್ರಗಳನ್ನು ಕಬ್ಬಿಣದ ಪೆಟ್ಟಿಗೆಯಲ್ಲಿಡುವ ಮುನ್ನ ಮಕ್ಕಳನ್ನು ಕರೆದು ಒಮ್ಮೆ ತೋರಿಸಿ, ಮನೆಗೆ ಎಷ್ಟಾಯಿತೆಂದು ಪೂರ್ತಿ ಲೆಕ್ಕ ಹೇಳಿ. ಅವರು ತಮ್ಮ ಮನೆ ಕಟ್ಟುವಾಗ ಆ ಲೆಕ್ಕ ಉಪಯೋಗಕ್ಕೆ ಬರುತ್ತದೆ.